ಮೆಳ್ಳಗಣ್ಣನ ಜಾಡಿನಲ್ಲಿ ಆರು ದಿನ

ಅಪ್ಪ ಅಮ್ಮ ಅರಿಜೋನಾಕ್ಕೆ ಬಂದು ಮೂರು ವಾರ ಆಗಿತ್ತು. ಗ್ರ್ಯಾಂಡ್ ಕ್ಯಾನ್ಯನ್ ಆಯಿತು, ದೇವಸ್ಥಾನ ಆಯಿತು, ಕಾಸ್ಟ್‌ಕೋ ಅಂತೂ ನಾಲ್ಕು ಸಲ ಆಯಿತು. ಒಂದು ರಾತ್ರಿ ಟಿವಿಯಲ್ಲಿ ಯಾವುದೋ ಕಪ್ಪುಬಿಳುಪು ಕೌಬಾಯ್ ಸೀರಿಯಲ್ ಓಡುತ್ತಿತ್ತು. ಬಾಗಿಲ ಸಂದಿಯಲ್ಲಿ ಒಂದು ಮುಖ ಇಣುಕಿತು. ಕುರುಚಲು ಗಡ್ಡ, ಪೊದೆ ಹುಬ್ಬು, ಒಂದು ಕಣ್ಣು ನಮ್ಮನ್ನು ನೋಡುತ್ತಿದೆ, ಇನ್ನೊಂದು ಎಲ್ಲೋ ಹೋಗಿದೆ. ಅಪ್ಪ ಸೋಫಾದಿಂದ ಎದ್ದು ನಿಂತರು.

"ಏಯ್ ಪುಟ್ಟಿ, ಇವನು ನಮ್ಮ ಮೆಳ್ಳಗಣ್ಣ ಅಲ್ವೇನೇ!"

ಅಪ್ಪ ಅರಸೀಕೆರೆಯವರು. ಅರವತ್ತರ ದಶಕದ ಕೊನೆಯಲ್ಲಿ ಬೆಂಗಳೂರಿನಲ್ಲಿ ಬಿ.ಕಾಂ ಓದುವಾಗ ಪ್ಲಾಜಾ, ಬಿಆರ್‌ವಿ ಅಂತ ಇಂಗ್ಲಿಷ್ ಪಿಕ್ಚರ್ ನೋಡಿದವರು. ಹೀರೋಗಳ ಹೆಸರು ಗೊತ್ತು. ಈ ಮುಖಕ್ಕೆ ಮಾತ್ರ ಹೆಸರಿರಲಿಲ್ಲ. ಹಾಸ್ಟೆಲ್ ಹುಡುಗರೆಲ್ಲ ಸೇರಿ ಮೆಳ್ಳಗಣ್ಣ ಅಂತ ಇಟ್ಟಿದ್ದರಂತೆ, ಅವನು ತೆರೆ ಮೇಲೆ ಬಂದರೆ ಶಿಳ್ಳೆ ಹಾಕುತ್ತಿದ್ದರಂತೆ. ನಾನು ಫೋನಿನಲ್ಲಿ ಹುಡುಕಿ ಹೇಳಿದೆ, ಜ್ಯಾಕ್ ಈಲಮ್. ಅಪ್ಪ ಕನ್ನಡಕ ಸರಿಮಾಡಿಕೊಂಡು ಸ್ಪೆಲಿಂಗ್ ನೋಡಿದರು. "ಏಲಂ ಅಂತಿದೆಯಲ್ಲೇ. ಏಲಂ ಅಂದ್ರೆ ಹರಾಜಲ್ವಾ?"

ಇನ್ನೂ ಓದಿದರೆ, ಆಸಾಮಿ ಹುಟ್ಟಿದ್ದು 1920ರ ನವೆಂಬರ್ 13ಕ್ಕೆ, ಇದೇ ಅರಿಜೋನಾದ ಮಯಾಮಿ ಅನ್ನುವ ಗಣಿ ಊರಿನಲ್ಲಿ. ಚಾಂಡ್ಲರ್‌ನಲ್ಲಿರುವ ನಮ್ಮ ಮನೆಯಿಂದ ಒಂದೂಕಾಲು ಗಂಟೆ ದಾರಿ. ಅದಕ್ಕಿಂತ ಅಪ್ಪನನ್ನು ಹಿಡಿದದ್ದು ಇನ್ನೊಂದು ವಿಷಯ. ಸಿನಿಮಾಕ್ಕೆ ಬರುವ ಮೊದಲು ಅವನು ಅಕೌಂಟೆಂಟ್! ನಮ್ಮಪ್ಪ ಕೆ.ಇ.ಬಿ.ಯ ಅಕೌಂಟ್ಸ್ ಸೆಕ್ಷನ್ನಿನಲ್ಲಿ 34 ವರ್ಷ ಲೆಡ್ಜರ್ ಬರೆದವರು. ಹೋಗಲೇಬೇಕು ಅಂದರು. ಅಮ್ಮ ಮೊಮ್ಮಗನ ಜೊತೆ ಇರ್ತೀನಿ, ಸತ್ತು ಹೋದ ಕಳ್ಳನನ್ನು ಹುಡುಕಿಕೊಂಡು ನೀವೇ ಹೋಗಿ ಬನ್ನಿ ಅಂದರು.

ಮೊದಲ ದಿನ: ಮಯಾಮಿ

ಮಾರ್ಚ್ ತಿಂಗಳು, ಬಿಸಿಲಿನ್ನೂ ಹದವಾಗಿತ್ತು. ಡಬ್ಬಿಯಲ್ಲಿ ಚಪಾತಿ, ಫ್ಲಾಸ್ಕಿನಲ್ಲಿ ಕಾಫಿ. ಯುಎಸ್ 60 ಹಿಡಿದು ಪೂರ್ವಕ್ಕೆ ಹೋದರೆ ಸುಪೀರಿಯರ್ ದಾಟಿದ ಮೇಲೆ ದಾರಿ ಬಂಡೆಗಳ ಸಂದಿಗೆ ನುಗ್ಗುತ್ತದೆ, ಒಂದು ಸುರಂಗ ಬರುತ್ತದೆ. ಅಪ್ಪ ಶಿರಾಡಿ ಘಾಟಿಯಿಂದ ಹಸಿರೆಲ್ಲ ಕೆರೆದು ಹಾಕಿದ ಹಾಗಿದೆ ಅಂದರು. ಸರಿಯಾಗೇ ಹೇಳಿದರು ಅನ್ನಿಸಿತು.

ಅರಿಜೋನಾದ ಮಕ್ಕಳಿಗೆ ಶಾಲೆಯಲ್ಲಿ ಐದು 'ಸಿ' ಕಲಿಸುತ್ತಾರೆ, ಕಾಪರ್, ಕ್ಯಾಟಲ್, ಕಾಟನ್, ಸಿಟ್ರಸ್, ಕ್ಲೈಮೇಟ್. ಮಯಾಮಿ ಕಾಪರ್‌ನ ಊರು. ಊರ ಪಕ್ಕ ಬೆಟ್ಟ ಅನ್ನಿಸುವುದೆಲ್ಲ ಬೆಟ್ಟ ಅಲ್ಲ, ಗಣಿಯಿಂದ ತೆಗೆದು ಸುರಿದದ್ದು, ಮೆಟ್ಟಿಲು ಮೆಟ್ಟಿಲಾಗಿ ನಿಂತಿದೆ. ತಾಮ್ರ ಕರಗಿಸುವ ಸ್ಮೆಲ್ಟರ್ ಈಗಲೂ ನಡೆಯುತ್ತದೆ, ಇಡೀ ಅಮೆರಿಕದಲ್ಲಿ ಅಂಥವು ಬೆರಳೆಣಿಕೆಯಷ್ಟೇ ಉಳಿದಿವೆ. ಜನ ಮಾತ್ರ ಈಗ ಒಂದೂವರೆ ಸಾವಿರದ ಆಸುಪಾಸು. ಸಲಿವನ್ ಸ್ಟ್ರೀಟಿನಲ್ಲಿ ಅರ್ಧ ಅಂಗಡಿಗಳಿಗೆ ಬೀಗ, ಉಳಿದ ಅರ್ಧ ಹಳೇ ಸಾಮಾನಿನ ಅಂಗಡಿಗಳು.

ಈಲಮ್‌ನ ಬಾಲ್ಯ ಕಷ್ಟದ್ದು. ತಾಯಿ ಬೇಗ ತೀರಿಕೊಂಡರು. ಹುಡುಗ ನೆಂಟರ ಮನೆಯಲ್ಲಿ ಬೆಳೆದ, ಹೊಲದಲ್ಲಿ ಹತ್ತಿ ಬಿಡಿಸಿದ. ಅಂದರೆ ಐದು 'ಸಿ'ಯಲ್ಲಿ ಎರಡನ್ನು ಮೈಮೇಲೇ ಅನುಭವಿಸಿದ. ಬಾಯ್ ಸ್ಕೌಟ್ ಹುಡುಗರ ಜಗಳದಲ್ಲಿ ಯಾರೋ ಪೆನ್ಸಿಲ್ಲಿನಿಂದ ಚುಚ್ಚಿ ಎಡಗಣ್ಣು ಹೋಯಿತು. ಆಮೇಲೆ ಆ ಕಣ್ಣು ಹೇಳಿದ ಕಡೆ ತಿರುಗಲೇ ಇಲ್ಲ.

ಒಂದು ಹಳೇ ಸಾಮಾನಿನ ಅಂಗಡಿಗೆ ನುಗ್ಗಿದೆವು. ಗಲ್ಲಾದಲ್ಲಿ ವಯಸ್ಸಾದ ಹೆಂಗಸು. ಜ್ಯಾಕ್ ಈಲಮ್ ಅಂದೆ, ಗೊತ್ತಿಲ್ಲ ಅಂತ ತಲೆ ಆಡಿಸಿದರು. ಫೋಟೋ ತೋರಿಸಿದೆ. "ಓಹ್, ಇವನಾ!" ಅಂತ ಜೋರಾಗಿ ನಕ್ಕರು. ಇವನನ್ನು ನೋಡೋಕೆ ಇಂಡಿಯಾದಿಂದ ಬಂದ್ರಾ ಅಂತ ಅಪ್ಪನನ್ನು ಕೇಳಿದರು. ಅಪ್ಪ ಬಹಳ ಗಂಭೀರವಾಗಿ ಯೆಸ್ ಮೇಡಮ್ ಅಂದರು. ಹುಟ್ಟಿದ ಊರಿನಲ್ಲೂ ಮುಖಕ್ಕೆ ಗುರುತಿದೆ, ಹೆಸರಿಗಿಲ್ಲ. ಹಾಸ್ಟೆಲ್ ಹುಡುಗರದ್ದೇ ಕಥೆ.

ಅದೇ ಅಂಗಡಿಯಲ್ಲಿ ಅಪ್ಪ ಎರಡು ಡಾಲರ್ ಕೊಟ್ಟು ಒಂದು ಲೆಡ್ಜರ್ ಪುಸ್ತಕ ಕೊಂಡರು. ಕೆಂಪು ಗೆರೆ ಎಳೆದದ್ದು, ಖಾಲಿಯದು. ಯಾಕಪ್ಪಾ ಅಂದರೆ, ಸುಮ್ನೆ ಇರಲಿ ಅಂದರು. ಗ್ಲೋಬ್ ಮೇಲೆ ಹಾದು ಹೈವೇ 77 ಹಿಡಿದು ರಾತ್ರಿ ಟೂಸಾನ್ ಸೇರಿದೆವು.

ಎರಡನೇ ದಿನ: ಓಲ್ಡ್ ಟೂಸಾನ್

ಗೇಟ್ಸ್ ಪಾಸ್ ಹತ್ತಿ ಇಳಿದರೆ ಆ ಕಡೆ ಇಡೀ ಕಣಿವೆಯಲ್ಲಿ ಸಗ್ವಾರೊ ಕಳ್ಳಿಗಳು ಕೈ ಎತ್ತಿಕೊಂಡು ನಿಂತಿವೆ. ಅದರ ಮಧ್ಯೆ ಓಲ್ಡ್ ಟೂಸಾನ್. ಹೆಸರಿಗೆ ಓಲ್ಡ್, ಕಟ್ಟಿದ್ದು 1939ರಲ್ಲಿ, 'ಅರಿಜೋನಾ' ಅನ್ನುವ ಸಿನಿಮಾದ ಸೆಟ್ಟಿಗೆ. ಆಮೇಲೆ ಐವತ್ತು ಅರವತ್ತರ ದಶಕದ ಎಷ್ಟೋ ವೆಸ್ಟರ್ನ್‌ಗಳು, ಅಂದರೆ ಕೌಬಾಯ್ ಚಿತ್ರಗಳು, ಇದೇ ಬೀದಿಯಲ್ಲಿ ನಡೆದವು. 1995ರ ಏಪ್ರಿಲ್‌ನಲ್ಲಿ ಬೆಂಕಿ ಬಿದ್ದು ಬಹಳಷ್ಟು ಸುಟ್ಟುಹೋಯಿತು, ಈಗ ಇರುವುದರಲ್ಲಿ ಅರ್ಧಕ್ಕರ್ಧ ಮರಳಿ ಕಟ್ಟಿದ್ದು. ನಕಲಿ ಊರಿನ ನಕಲಿ ಅಂದರೂ ತಪ್ಪಿಲ್ಲ. ಆದರೂ ಆ ಮಣ್ಣಿನ ಬೀದಿಯಲ್ಲಿ ನಿಂತಾಗ ಅಪ್ಪನ ಕೈ ತಾನಾಗಿ ಸೊಂಟದ ಹತ್ತಿರ ಹೋಯಿತು, ಬಂದೂಕು ಇದೆಯೇನೋ ಅನ್ನುವ ಹಾಗೆ.

ಇಲ್ಲಿ ಶೂಟಿಂಗ್ ಆದ 'ಗನ್‌ಫೈಟ್ ಅಟ್ ದಿ ಓ.ಕೆ. ಕೊರಾಲ್' (1957) ಚಿತ್ರದಲ್ಲಿ ಈಲಮ್ ಟಾಮ್ ಮೆಕ್‌ಲೌರಿ. ಖಳರ ಗುಂಪಿನಲ್ಲಿ ಒಬ್ಬ, ಕೊನೆಯಲ್ಲಿ ಸಾಯುತ್ತಾನೆ. 'ರಿಯೋ ಲೋಬೋ' (1970) ಚಿತ್ರದಲ್ಲಿ ಫಿಲಿಪ್ಸ್ ಅನ್ನುವ ಮುದುಕ, ಶಾಟ್‌ಗನ್ ಹಿಡಿದು ಒಳ್ಳೆಯವರ ಕಡೆ ನಿಲ್ಲುವ ತಿಕ್ಕಲ. ಅದು ಹೊವರ್ಡ್ ಹಾಕ್ಸ್ ನಿರ್ದೇಶಿಸಿದ ಕೊನೇ ಚಿತ್ರ, ಹೀರೋ ಜಾನ್ ವೇಯ್ನ್. ನನ್ನ ಕೇಳಿದರೆ ಚಿತ್ರ ಸಪ್ಪೆ. ಈಲಮ್ ಬಂದಾಗ ಮಾತ್ರ ಉಪ್ಪು ಖಾರ ಬಿದ್ದ ಹಾಗಾಗುತ್ತದೆ.

ನೆರಳಲ್ಲಿ ಕೂತು ಅಪ್ಪ ಲೆಡ್ಜರ್ ತೆಗೆದರು. ಎಡಗಡೆ 'ಸತ್ತದ್ದು', ಬಲಗಡೆ 'ಬದುಕಿದ್ದು'. ಓ.ಕೆ. ಕೊರಾಲ್ ಎಡಕ್ಕೆ, ರಿಯೋ ಲೋಬೋ ಬಲಕ್ಕೆ. ಸ್ಥಳ, ಇಸವಿ ಎಲ್ಲ ಬರೆದರು. ಲೆಡ್ಜರ್ ಯಾಕೆ ಅಂತ ನನಗೆ ಆಗ ಗೊತ್ತಾಯಿತು.

ರಾತ್ರಿ ಮೋಟೆಲ್‌ನಲ್ಲಿ ನಾವು ಟಿವಿ ಕಡೆಯ ಲೆಕ್ಕ ಹಾಕಲು ಹೋಗಿ ಸೋತೆವು. 1959ರ ಹೊತ್ತಿಗೆ ಅಮೆರಿಕದ ಟಿವಿಯಲ್ಲಿ ರಾತ್ರಿಯ ಮುಖ್ಯ ಹೊತ್ತಿನಲ್ಲೇ ಎರಡು ಡಜನ್‌ಗಿಂತ ಜಾಸ್ತಿ ಕೌಬಾಯ್ ಸೀರಿಯಲ್‌ಗಳು ಓಡುತ್ತಿದ್ದವು. 'ಗನ್‌ಸ್ಮೋಕ್' ಒಂದೇ 1955ರಿಂದ 1975ರವರೆಗೆ 635 ಕಂತು! ಪ್ರತಿ ಕಂತಿಗೂ ಹೊಸ ಕೇಡಿ ಬೇಕು. ಹೀರೋ ಸಾಯುವಂತಿಲ್ಲ, ಮುಂದಿನ ವಾರ ಮತ್ತೆ ಬರಬೇಕಲ್ಲ. ಹಾಗಾಗಿ ಈಲಮ್‌ನಂಥವರಿಗೆ ಕೈತುಂಬ ಕೆಲಸ. ಒಂದು ವಾರ ಬಂದು ಹೆದರಿಸಿ, ಗುಂಡು ತಿಂದು, ಸಂಬಳ ಎಣಿಸಿಕೊಂಡು ಹೋಗುವುದು. ಮುಂದಿನ ವರ್ಷ ಅದೇ ಸೀರಿಯಲ್‌ಗೆ ಬೇರೆ ಹೆಸರಿನಲ್ಲಿ ಮತ್ತೆ ಹಾಜರು, ಯಾರೂ ಕೇಳುವುದಿಲ್ಲ. ಗನ್‌ಸ್ಮೋಕ್‌ಗೆ ಹೀಗೆ ಮತ್ತೆ ಮತ್ತೆ ಬಂದ. 'ದಿ ರೈಫಲ್‌ಮ್ಯಾನ್', 'ಚೆಯೆನ್', 'ಬೊನಾಂಜಾ', ಎಲ್ಲ ಕಡೆ ತಲೆ ಹಾಕಿದ್ದಾನೆ. 1963ರಲ್ಲಿ ಮಾತ್ರ ಅದೃಷ್ಟ ತಿರುಗಿತು ಅನ್ನಿಸಿರಬೇಕು, 'ದಿ ಡಕೋಟಾಸ್'ನಲ್ಲಿ ಖಾಯಂ ಡೆಪ್ಯುಟಿ, ಅಂದರೆ ಕಾನೂನಿನ ಕಡೆಯವನು, ಅದು ಮುಗಿಯುತ್ತಿದ್ದ ಹಾಗೆ 'ಟೆಂಪಲ್ ಹೂಸ್ಟನ್'ನಲ್ಲಿ ಮಾರ್ಷಲ್. ಎರಡೂ ಒಂದೊಂದು ಸೀಸನ್ನಿಗೇ ನಿಂತುಹೋದವು. ಮತ್ತೆ ಕಳ್ಳತನಕ್ಕೆ ವಾಪಸ್.

"ನಮ್ಮೂರ ಬಾಲಣ್ಣನ ಥರ ಕಣೇ," ಅಂದರು ಅಪ್ಪ ಲೈಟ್ ಆರಿಸಿದ ಮೇಲೆ. ಟಿ.ಎನ್. ಬಾಲಕೃಷ್ಣ ಅರಸೀಕೆರೆಯವರು ಅನ್ನುವುದು ಅಪ್ಪನಿಗೆ ಆಸ್ತಿ ಇದ್ದ ಹಾಗೆ. ಬಾಲಣ್ಣನಿಗೆ ಕಿವಿ ಕೇಳುತ್ತಿರಲಿಲ್ಲ, ಎದುರಿನವರ ತುಟಿ ನೋಡಿ ಡೈಲಾಗ್ ಎತ್ತುತ್ತಿದ್ದರು. ಇವನಿಗೆ ಒಂದು ಕಣ್ಣಿಲ್ಲ. ಅವರೂ ಕುತಂತ್ರಿ, ಇವನೂ ಕುತಂತ್ರಿ, ಇಬ್ಬರೂ ಆಮೇಲೆ ನಗಿಸಿದರು. ಅಪ್ಪ ಇನ್ನೂ ಏನೋ ಹೇಳುತ್ತಿದ್ದರು, ನನಗೆ ನಿದ್ದೆ ಬಂತು.

ಮೂರನೇ ದಿನ: ಟೂಂಬ್‌ಸ್ಟೋನ್

ಬೆನ್ಸನ್ ಹತ್ತಿರ ಕಾಫಿಗೆ ನಿಲ್ಲಿಸಿದಾಗ ಅಪ್ಪ ಮೆಲ್ಲಗೆ, "ಪುಟ್ಟಿ, ಕಣ್ಣಿನ ಡ್ರಾಪ್ಸು ಮೋಟೆಲ್ ಫ್ರಿಜ್‌ನಲ್ಲೇ ಬಿಟ್ಟೆ" ಅಂದರು. ಅಪ್ಪನಿಗೆ ಗ್ಲಾಕೋಮಾ, ಬಲಗಣ್ಣು ಬಹಳಷ್ಟು ಹೋಗಿದೆ, ಎಡಗಣ್ಣನ್ನು ಆ ಡ್ರಾಪ್ಸು ಕಾಯುತ್ತಿದೆ. 45 ಮೈಲಿ ವಾಪಸ್. ನಾನು ರೇಗಲಿಲ್ಲ ಅಂತ ಬರೆಯಬಹುದಿತ್ತು, ಆದರೆ ರೇಗಿದೆ. ಅಪ್ಪ ದಾರಿಯುದ್ದಕ್ಕೂ ಕಿಟಕಿ ಹೊರಗೆ ನೋಡುತ್ತ ಕೂತರು. ಸೀಸೆ ಸಿಕ್ಕಿತು. ಇಬ್ಬರೂ ಮತ್ತೆ ಮಾತಾಡಿದ್ದು ಟೂಂಬ್‌ಸ್ಟೋನ್ ಹತ್ತಿರ ಬಂದಾಗಲೇ.

ಆ ಊರಿನಲ್ಲಿ 1881ರ ಅಕ್ಟೋಬರ್ 26ರಂದು ಅರ್ಧ ನಿಮಿಷದಲ್ಲಿ ಮುಗಿದ ಓ.ಕೆ. ಕೊರಾಲ್ ಕಾಳಗವನ್ನು ಇವತ್ತಿಗೂ ಟಿಕೆಟ್ ಇಟ್ಟು ಆಡಿ ತೋರಿಸುತ್ತಾರೆ. ನೋಡಿದೆವು, ಪಟಾಕಿ ಸದ್ದು ಜಾಸ್ತಿ, ಮಕ್ಕಳಿಗೆ ಖುಷಿ. ನಮಗೆ ಬೇಕಿದ್ದದ್ದು ಬೂಟ್‌ಹಿಲ್ ಸ್ಮಶಾನ. ಕಲ್ಲು ಗುಪ್ಪೆ ಹಾಕಿದ ಗೋರಿಗಳ ಮಧ್ಯೆ ಬಿಲ್ಲಿ ಕ್ಲ್ಯಾಂಟನ್, ಟಾಮ್ ಮತ್ತು ಫ್ರ್ಯಾಂಕ್ ಮೆಕ್‌ಲೌರಿ ಮೂವರೂ ಸಾಲಾಗಿ ಮಲಗಿದ್ದಾರೆ. ಟೂಂಬ್‌ಸ್ಟೋನ್ ಬೀದಿಯಲ್ಲಿ ಕೊಲೆಯಾದವರು ಅಂತ ಬರೆದ ಹಲಗೆ. ಗಮನಿಸಿ, ಕೊಲೆಯಾದವರು. ಸಿನಿಮಾದಲ್ಲಿ ಇವರೇ ಕೇಡಿಗಳು.

ನಿನ್ನೆ ನಾವು ಸೆಟ್ಟಿನಲ್ಲಿ ನೋಡಿ ಬಂದ ಪಾತ್ರದ ಅಸಲಿ ಮನುಷ್ಯ ಇಲ್ಲಿ ಕಾಲಡಿ ಇದ್ದಾನೆ. ಅಪ್ಪ ಟೋಪಿ ತೆಗೆದು ಸ್ವಲ್ಪ ಹೊತ್ತು ನಿಂತರು. ಆಮೇಲೆ ಲೆಡ್ಜರ್‌ನಲ್ಲಿ ನಿನ್ನೆಯ ಎಂಟ್ರಿ ಪಕ್ಕ ಸಣ್ಣ ಅಕ್ಷರದಲ್ಲಿ, "ಇವನು ನಿಜವಾಗಿ ಸತ್ತಿದ್ದಾನೆ" ಅಂತ ಬರೆದರು. ಆಡಿಟ್ ನೋಟ್ ಅಂತೆ.

ರಾತ್ರಿ ಹತ್ತಕ್ಕೆ ಚಾಂಡ್ಲರ್.

ನಾಲ್ಕನೇ ದಿನ: ಮನೆ

ಬಟ್ಟೆ ಒಗೆದು, ಅಮ್ಮನ ಕೈಯ ಉಪ್ಪಿಟ್ಟು ತಿಂದು, ಇಡೀ ಮಧ್ಯಾಹ್ನ ಸಿನಿಮಾ ನೋಡಿದೆವು. 'ಹೈ ನೂನ್' (1952) ಚಿತ್ರದಲ್ಲಿ ಈಲಮ್ ಜೈಲಿನಲ್ಲಿ ಬಿದ್ದಿರುವ ಕುಡುಕ ಚಾರ್ಲಿ, ಟೈಟಲ್ಸ್‌ನಲ್ಲಿ ಹೆಸರೂ ಇಲ್ಲ. ಊರಿನವರು ಯಾರೂ ಮಾರ್ಷಲ್ ಸಹಾಯಕ್ಕೆ ಬರುವುದಿಲ್ಲ. ಕೊನೆಗೆ ಅವನು ಈ ಕುಡುಕನನ್ನು ಬಿಡಿಸಿ ಮನೆಗೆ ಹೋಗು ಅಂತ ಕಳಿಸುತ್ತಾನೆ. 'ಬದುಕಿದ್ದು' ಕಾಲಮ್ಮಿಗೆ ಒಂದು.

ಆಮೇಲೆ ಅಪ್ಪನಿಗೆ ಮೊದಲಿಂದಲೂ ನೆನಪಿದ್ದ ದೃಶ್ಯ. 'ಒನ್ಸ್ ಅಪಾನ್ ಎ ಟೈಮ್ ಇನ್ ದ ವೆಸ್ಟ್' (1968) ಶುರುವಾಗುವುದೇ ಒಂದು ಹಾಳು ರೈಲ್ವೆ ಸ್ಟೇಷನ್ನಿನಲ್ಲಿ. ಮೂವರು ಬಂದೂಕಿನವರು ರೈಲಿಗೆ ಕಾಯುತ್ತಾರೆ. ಎಷ್ಟೋ ನಿಮಿಷ ಮಾತೇ ಇಲ್ಲ, ಗಾಳಿಯಂತ್ರದ ಕಿರುಗುಟ್ಟುವಿಕೆ ಅಷ್ಟೇ. ವುಡಿ ಸ್ಟ್ರೋಡ್‌ನ ತಲೆ ಮೇಲೆ ನೀರು ತೊಟ್ಟಿಕ್ಕುತ್ತದೆ, ಅವನು ಟೋಪಿ ಹಾಕಿಕೊಂಡು ಅದರಲ್ಲೇ ನೀರು ಹಿಡಿಯುತ್ತಾನೆ. ಈಲಮ್ ಬೆಂಚಿನ ಮೇಲೆ ಒರಗಿದ್ದಾನೆ, ಮುಖದ ಮೇಲೆ ನೊಣ. ಕೈ ಎತ್ತುವುದಕ್ಕೂ ಸೋಮಾರಿತನ, ತುಟಿ ಸೊಟ್ಟ ಮಾಡಿ ಊದುತ್ತಾನೆ. ಕೊನೆಗೆ ನೊಣವನ್ನು ಪಿಸ್ತೂಲಿನ ನಳಿಗೆಯೊಳಗೆ ಹಿಡಿದು ಬೆರಳಿಟ್ಟು ಮುಚ್ಚಿ ಅದರ ಗುಂಯ್ ಸದ್ದನ್ನು ಕೇಳುತ್ತ ನಗುತ್ತಾನೆ. ಒಂದು ಕಣ್ಣು ನಗುತ್ತದೆ, ಇನ್ನೊಂದು ಸುಮ್ಮನಿರುತ್ತದೆ! ರೈಲು ಬಂದು ಹೋದ ಮೇಲೆ ಚಾರ್ಲ್ಸ್ ಬ್ರಾನ್ಸನ್ ಮೂವರನ್ನೂ ಹೊಡೆದುರುಳಿಸುತ್ತಾನೆ. ಈಲಮ್‌ನ ಕೆಲಸ ಮುಗಿಯಿತು, ಪಿಕ್ಚರ್ ಈಗಷ್ಟೇ ಶುರು. ಆದರೆ ಅಪ್ಪನಿಗೆ ಹೆಚ್ಚುಕಮ್ಮಿ 55 ವರ್ಷ ಆದಮೇಲೂ ನೆನಪಿದ್ದದ್ದು ಬ್ರಾನ್ಸನ್ ಅಲ್ಲ, ನೊಣ.

ಆ ಸ್ಟೇಷನ್ ಅಮೆರಿಕದಲ್ಲಿಲ್ಲ, ಸ್ಪೇನ್‌ನ ಗ್ವಾದಿಸ್ ಊರಿನ ಹತ್ತಿರ ಇದೆ. ಎಡಗಡೆ ಕಾಲಮ್‌ನಲ್ಲಿ ಬರೆದು ಸ್ಥಳದ ಮನೆಯಲ್ಲಿ ಅಪ್ಪ 'ಬಾಕಿ' ಅಂತ ಹಾಕಿದರು.

ಐದನೇ ದಿನ: ದಾರಿ

ಚಾಂಡ್ಲರ್‌ನಿಂದ ವೆಸ್ಟರ್ನ್ ಚಿತ್ರಗಳ ಶೂಟಿಂಗ್ ನಡೆಯುತ್ತಿದ್ದ ಕ್ಯಾಲಿಫೋರ್ನಿಯಾದ ಲೋನ್ ಪೈನ್‌ಗೆ ಎಂಟು ಗಂಟೆಗೂ ಜಾಸ್ತಿ. ಮರುಭೂಮಿ, ಟ್ರಕ್ಕು, ಮತ್ತೆ ಮರುಭೂಮಿ. ಮಾತಾಡುವುದು ಬಿಟ್ಟು ಬೇರೆ ಕೆಲಸವಿರಲಿಲ್ಲ.

ಈಲಮ್ ಮೊದಲು ಬ್ಯಾಂಕಿನಲ್ಲಿ ಲೆಕ್ಕ ಬರೆದ, ತೈಲ ಕಂಪನಿಯಲ್ಲಿ ಆಡಿಟರ್ ಆದ, ಯುದ್ಧಕಾಲದಲ್ಲಿ ನೌಕಾಪಡೆಯಲ್ಲಿದ್ದ. ಲಾಸ್ ಏಂಜಲಿಸ್‌ನ ಬೆಲ್ ಏರ್ ಹೋಟೆಲ್‌ನ ಮ್ಯಾನೇಜರ್ ಆಗಿದ್ದದ್ದೂ ಉಂಟು. ಆಮೇಲೆ ಹಾಲಿವುಡ್ ಮಂದಿಯ ಲೆಕ್ಕ ನೋಡತೊಡಗಿದ, ನಿರ್ಮಾಪಕ ಸ್ಯಾಮ್ಯುಯೆಲ್ ಗೋಲ್ಡ್‌ವಿನ್ ಕೂಡ ಅವನ ಕಕ್ಷಿದಾರ. ಹಗಲೂ ರಾತ್ರಿ ಅಂಕಿ ನೋಡಿ ನೋಡಿ ಇದ್ದ ಒಂದು ಕಣ್ಣೂ ದಣಿಯಿತು. ಲೆಕ್ಕ ಬಿಡು, ಇಲ್ಲದಿದ್ದರೆ ಈ ಕಣ್ಣೂ ಹೋಗುತ್ತದೆ ಅಂದರು ಡಾಕ್ಟರು. ಮೂವತ್ತರ ಹತ್ತಿರದ ವಯಸ್ಸು, ಗೊತ್ತಿರುವುದು ಲೆಕ್ಕ ಒಂದೇ. ಆಗ ಅವನು ಮಾಡಿದ್ದು ನೋಡಿ. ಪರಿಚಯದವರೊಬ್ಬರ ವೆಸ್ಟರ್ನ್ ಚಿತ್ರಗಳಿಗೆ ದುಡ್ಡು ಹೊಂದಿಸಿ ಕೊಟ್ಟ, ಬದಲಿಗೆ ವಿಲನ್ ಪಾರ್ಟ್ ಕೇಳಿದ. 1950ರ 'ದಿ ಸನ್‌ಡೌನರ್ಸ್'ನಿಂದ ಅವನ ಬಂದೂಕಿನ ಬದುಕು ಶುರುವಾಯಿತು. ಲೆಕ್ಕ ಬರೆಯಲು ಅಡ್ಡಿಯಾದ ಕಣ್ಣೇ ಬಂಡವಾಳ.

ಅಪ್ಪ ತುಂಬ ಹೊತ್ತು ಸುಮ್ಮನಿದ್ದರು. ಕ್ರೇಮರ್ ಜಂಕ್ಷನ್ ದಾಟಿದ ಮೇಲೆ ಹೇಳಿದರು. "ನಂಗೂ ಡಾಕ್ಟರು ಹಂಗೇ ಅಂದಿದ್ರು. ನೀನು ಆಗ ಎಂಟನೇ ಕ್ಲಾಸು. ನಾನು ಪೆನ್ಶನ್ನಿಗೆ ಎಷ್ಟು ವರ್ಷ ಉಳಿದಿದೆ ಅಂತ ಲೆಕ್ಕ ಹಾಕ್ದೆ."

ನನಗೆ ಈ ವಿಷಯ ಗೊತ್ತೇ ಇರಲಿಲ್ಲ. ಏನು ಹೇಳಬೇಕೋ ತೋಚದೆ ಬಿಟ್ಟಿದ್ದ ಬೆನ್ಸನ್ ಜಗಳಕ್ಕೆ ಸಾರಿ ಅಂದೆ. ಅಪ್ಪ, ಮುಂದೆ ಟ್ರಕ್ ಇದೆ, ರಸ್ತೆ ನೋಡು ಅಂದರು.

ಆರನೇ ದಿನ: ಲೋನ್ ಪೈನ್

ಬೆಳಿಗ್ಗೆ ಮೋಟೆಲ್ ಬಾಗಿಲು ತೆಗೆದರೆ ಎದುರಿಗೇ ಸಿಯೆರಾ ಪರ್ವತ, 14,505 ಅಡಿಯ ವಿಟ್ನಿ ಶಿಖರ, ಪೂರ್ತಿ ಹಿಮ. ಅದರ ಬುಡದಲ್ಲಿ ಅಲಬಾಮಾ ಹಿಲ್ಸ್, ಯಾರೋ ರಾಗಿ ಮುದ್ದೆಗಳನ್ನು ಉರುಳಿಸಿ ಬಿಟ್ಟ ಹಾಗೆ ದುಂಡು ಬಂಡೆಗಳು. ಮಧ್ಯೆ ಹೋಗುವ ಮಣ್ಣು ದಾರಿಯ ಹೆಸರೇ ಮೂವಿ ರೋಡ್. ಲಾಸ್ ಏಂಜಲಿಸ್‌ನಿಂದ ಮೂರೂವರೆ ಗಂಟೆ, ಒಂದು ಕಡೆ ಹಿಮ, ಒಂದು ಕಡೆ ಮರುಭೂಮಿ, ಸ್ಟುಡಿಯೋದವರಿಗೆ ಇನ್ನೇನು ಬೇಕು? 1939ರ 'ಗಂಗಾ ದಿನ್' ಚಿತ್ರಕ್ಕೆ ಇದೇ ಬಂಡೆಗಳು ಬ್ರಿಟಿಷರ ಕಾಲದ ಇಂಡಿಯಾ ಆಗಿದ್ದವು. ಅಪ್ಪ ಸುತ್ತ ನೋಡಿ, "ಚಿತ್ರದುರ್ಗಕ್ಕೇ ಹೋಗಬಹುದಿತ್ತಲ್ಲ ಇವರು" ಅಂದರು.

ಇಲ್ಲಿಯೇ ಹೆನ್ರಿ ಹ್ಯಾಥವೇ 'ರಾಹೈಡ್' (1951) ತೆಗೆದದ್ದು, ಟೈರೋನ್ ಪವರ್, ಸೂಸನ್ ಹೇವರ್ಡ್ ಇದ್ದ ಚಿತ್ರ. ಅದೇ ಹೆಸರಿನ ಸೀರಿಯಲ್ ಬೇರೆ. ಕುದುರೆಗಾಡಿ ನಿಲ್ಲುವ ಒಂಟಿ ತಂಗುದಾಣಕ್ಕೆ ನಾಲ್ವರು ಕಳ್ಳರು ನುಗ್ಗುತ್ತಾರೆ, ಅವರಲ್ಲಿ ಹೊಲಸು ಅಂದರೆ ಹೊಲಸು ಮನುಷ್ಯ ಟೆವಿಸ್, ನಮ್ಮ ಈಲಮ್. ಕೊನೆಯಲ್ಲಿ ಅಡಗಿರುವ ಹೀರೋನನ್ನು ಹೊರಗೆ ಎಳೆಯಲು ಅಂಬೆಗಾಲು ಬಿಟ್ಟು ಈಗಷ್ಟೇ ನಡೆಯುವ ಮಗುವಿನ ಕಾಲ ಹತ್ತಿರ ಗುಂಡು ಹಾರಿಸುತ್ತಾನೆ. ಧೂಳು ಪುಸ್ ಪುಸ್ ಅಂತ ಏಳುತ್ತದೆ, ಮಗುವಿಗೆ ಅರ್ಥವಾಗುವುದಿಲ್ಲ. ನಾನು ತಾಯಿಯಾದ ಮೇಲೆ ಆ ದೃಶ್ಯವನ್ನು ಪೂರ್ತಿ ನೋಡಲಾಗಲಿಲ್ಲ. ಹೇವರ್ಡ್ ಬಂದೂಕು ಎತ್ತಿ ಅವನನ್ನು ಮುಗಿಸುತ್ತಾಳೆ. ಈ ಪಾರ್ಟ್ ಆದಮೇಲೆ ಹಾಲಿವುಡ್ಡಿಗೆ ಕೆಟ್ಟವನು ಬೇಕಾದಾಗಲೆಲ್ಲ ಈ ಮುಖ ನೆನಪಾಯಿತು.

ಆ ಮುಖವನ್ನೇ ನಗುವಿಗೆ ತಿರುಗಿಸಿದ್ದು ಹದಿನೆಂಟು ವರ್ಷ ಆದಮೇಲೆ, 1969ರ 'ಸಪೋರ್ಟ್ ಯುವರ್ ಲೋಕಲ್ ಶೆರಿಫ್!' ಚಿತ್ರದಲ್ಲಿ. ಲಾಯದಲ್ಲಿ ಸಗಣಿ ಬಾಚುವ ಜೇಕ್, ಒತ್ತಾಯಕ್ಕೆ ಡೆಪ್ಯುಟಿ ಆಗುತ್ತಾನೆ, ಕೊನೆಯಲ್ಲಿ ಕ್ಯಾಮೆರಾ ನೋಡಿಕೊಂಡು ತಾನು ಹೇಗೆ ಪಶ್ಚಿಮದ ದಂತಕಥೆಯ ಮುದ್ದಿನ ಮನುಷ್ಯನಾದೆ ಅಂತ ಕೊಚ್ಚಿಕೊಳ್ಳುತ್ತಾನೆ. ಒಂದೇ ಕಣ್ಣು, ಅದೇ ಹುಬ್ಬು, ಆದರೆ ಈಗ ನೋಡಿದರೆ ನಗು ಬರುತ್ತದೆ. ಅಲ್ಲಿಂದ ಮುಂದೆ ಹಾಸ್ಯವೇ ಜಾಸ್ತಿ. ಅವನ ಹೆಸರಿನಲ್ಲಿ ಓಡಾಡುವ ಒಂದು ಜೋಕಿದೆ, ನಟನ ಬದುಕಿನ ಹಂತಗಳ ಬಗ್ಗೆ. ಮೊದಲು, ಜ್ಯಾಕ್ ಈಲಮ್ ಯಾರು? ಆಮೇಲೆ, ಜ್ಯಾಕ್ ಈಲಮ್‌ನನ್ನು ಕರೆಸಿ. ಆಮೇಲೆ, ಜ್ಯಾಕ್ ಈಲಮ್ ಥರದವನು ಬೇಕು. ಆಮೇಲೆ, ಇನ್ನೂ ಚಿಕ್ಕ ವಯಸ್ಸಿನ ಜ್ಯಾಕ್ ಈಲಮ್ ಬೇಕು. ಕೊನೆಗೆ, ಜ್ಯಾಕ್ ಈಲಮ್ ಯಾರು? ಬೇರೆ ನಟರ ಹೆಸರಿನಲ್ಲೂ ಇದೇ ಜೋಕು ಓಡುತ್ತದೆ, ಆದರೆ ಮಯಾಮಿಯ ಅಂಗಡಿಯಾಕೆಯನ್ನು ನೋಡಿ ಬಂದ ನಮಗೆ ಇವನದ್ದೇ ಅನ್ನಿಸಿತು.

ಮಧ್ಯಾಹ್ನ ಊರಿನ ವೆಸ್ಟರ್ನ್ ಸಿನಿಮಾ ಮ್ಯೂಸಿಯಂ. ಜೀನು, ಟೋಪಿ, ಪೋಸ್ಟರ್, 'ಜ್ಯಾಂಗೋ ಅನ್‌ಚೈನ್ಡ್'ನ ಹಲ್ಲಿನ ಡಾಕ್ಟರ ಗಾಡಿ. ಪೋಸ್ಟರ್‌ಗಳಲ್ಲಿ ಹೀರೋಗಳ ಮುಖ ದೊಡ್ಡದು, ಸಣ್ಣ ಅಕ್ಷರಗಳನ್ನು ಅಪ್ಪ ಭೂತಗನ್ನಡಿ ಹಿಡಿದು ಒಂದೊಂದಾಗಿ ಓದಿದರು. ಒಂದೂವರೆ ಗಂಟೆ ಹಿಡಿಯಿತು. ನಾನು ಹೊರಗೆ ಬೆಂಚಿನ ಮೇಲೆ ಕೂತೆ.

ಈಲಮ್ ತೀರಿಕೊಂಡದ್ದು 2003ರ ಅಕ್ಟೋಬರ್ 20, ಒರೆಗಾನ್‌ನ ಆಶ್‌ಲ್ಯಾಂಡ್‌ನಲ್ಲಿ, ಹೃದಯದ ಕಾಯಿಲೆಯಿಂದ. ಕಾರಿಗೆ ಬಂದ ಅಪ್ಪ ಲೆಡ್ಜರ್ ತೆರೆದು ಅದನ್ನು ಯಾವ ಕಾಲಮ್ಮಿಗೆ ಹಾಕಲಿ ಅಂತ ಕೇಳಿದರು. ಎಡಕ್ಕೆ ಅಂದೆ. ಅದು ಪಾರ್ಟ್ ಅಲ್ಲವಲ್ಲೇ ಅಂದರು. ಕೊನೆಗೆ ಎಲ್ಲೂ ಬರೆಯದೆ, 'ರಾಹೈಡ್, 1951, ಲೋನ್ ಪೈನ್' ಅಂತ ಎಡಕ್ಕೆ ಸೇರಿಸಿ ಗೆರೆ ಎಳೆದು ಮೊತ್ತ ಹಾಕಿದರು. ಸತ್ತದ್ದು ಮೂರು, ಬದುಕಿದ್ದು ಎರಡು. ಸಗಣಿ ಬಾಚುವವನನ್ನು ಮರೆತಿರಿ ಅಂತ ನೆನಪಿಸಿದೆ. ಹೊಡೆದುಹಾಕಿ ಮೂರು ಮಾಡಿದರು.

"ಸ್ಪೇನ್‌ಗೆ ವೀಸಾ ಬೇರೆನಾ?" ಅಂತ ಕೇಳಿದರು.

ಬೇರೆ ಅಂದೆ. ಅಪ್ಪ ಪುಟದ ಕೆಳಗೆ 'ಮುಂದಿನ ಪುಟಕ್ಕೆ' ಅಂತ ಬರೆದು ಪೆನ್ ಕ್ಯಾಪ್ ಹಾಕಿದರು. ಡ್ರಾಪ್ಸಿನ ಹೊತ್ತಾಗಿತ್ತು. ಕಾರು ನಿಲ್ಲಿಸಿಕೊಂಡೇ ಅವರ ತಲೆ ಹಿಂದಕ್ಕೆ ಒರಗಿಸಿ ಎಡಗಣ್ಣಿಗೆ ಒಂದು, ಬಲಗಣ್ಣಿಗೆ ಒಂದು ಹನಿ ಹಾಕಿದೆ.